ಎರಡು ಚಂದ್ರ ಇರೋ ಲೋಕಕ್ಕೆ ಪಂಚಾಂಗ ಬರೆಯೋದು ಹೇಗೆ?

ಪ್ರಶ್ನೆ: ಕನ್ನಡದಲ್ಲಿ ಒಂದು ಫ್ಯಾಂಟಸಿ ಕಾದಂಬರಿ ಬರೀತಿದೀನಿ ಸರ್. ಎರಡು ಚಂದ್ರ ಇರೋ ಲೋಕ. ವರ್ಷಕ್ಕೆ 360 ದಿನ, 12 ತಿಂಗಳು, ತಿಂಗಳಿಗೆ 30 ದಿನ, ವಾರಕ್ಕೆ 6 ದಿನ ಅಂತ ಇಟ್ಟಿದೀನಿ. ದೊಡ್ಡ ಚಂದ್ರಂದು 30 ದಿನಕ್ಕೊಂದು ಹುಣ್ಣಿಮೆ, ಚಿಕ್ಕದ್ದು 15 ದಿನಕ್ಕೊಂದು. ತಿಂಗಳು, ವಾರ ಎಲ್ಲದಕ್ಕೂ ಹೊಸ ಹೆಸರು ಕೊಟ್ಟಿದೀನಿ. ಆದ್ರೂ ಓದಿದ ಫ್ರೆಂಡ್ಸ್ ಎಲ್ಲ ‘ಕ್ಯಾಲೆಂಡರ್ ಯಾಕೋ ಸುಳ್ಳುಸುಳ್ಳೇ ಅನ್ಸುತ್ತೆ’ ಅಂತಾರೆ. ಎಲ್ಲಿ ಎಡವಿದೀನಿ? ನಮ್ಮ ಅಧಿಕ ಮಾಸದ ಥರ ಏನಾದ್ರೂ ಸೇರಿಸ್ಬೇಕಾ?

ಉತ್ತರ: ಹೆಸರುಗಳದ್ದು ಏನೂ ತಪ್ಪಿಲ್ಲ, ತೊಂದ್ರೆ ಇರೋದು ಆ 360ರಲ್ಲಿ. ಅದನ್ನ 12ರಿಂದ ಭಾಗಿಸಿ, 30ರಿಂದ ಭಾಗಿಸಿ, 6ರಿಂದ ಭಾಗಿಸಿ, 15ರಿಂದ ಬೇಕಾದ್ರೂ ಭಾಗಿಸಿ, ಒಂದು ದಿನವೂ ಮಿಗಲ್ಲ. ಆಕಾಶದಲ್ಲಿ ಹೀಗೆ ನಡೆಯಲ್ಲ. ದಿನ ಅನ್ನೋದು ಭೂಮಿ ತನ್ನ ಸುತ್ತ ತಾನು ತಿರುಗೋ ಲೆಕ್ಕ, ತಿಂಗಳು ಚಂದ್ರನ ಲೆಕ್ಕ, ವರ್ಷ ಸೂರ್ಯನ ಲೆಕ್ಕ, ಈ ಮೂರೂ ಸರಿಯಾಗಿ ಹೊಂದ್ಕೊಂಡು ಹೋಗ್ಬೇಕು ಅಂತ ಯಾವ ನಿಯಮವೂ ಇಲ್ಲ. ನಮ್ಮಲ್ಲೇ ನೋಡಿ, ವರ್ಷ 365.2422 ದಿನ, ಅಮಾವಾಸ್ಯೆಯಿಂದ ಅಮಾವಾಸ್ಯೆಗೆ ಸರಾಸರಿ 29.5306 ದಿನ. ಹನ್ನೆರಡು ತಿಂಗಳು ಕೂಡಿಸಿದ್ರೆ 354.37, ಅಂದ್ರೆ ವರ್ಷಕ್ಕೆ ಹತ್ತಿರಹತ್ತಿರ 11 ದಿನ ಕಮ್ಮಿ ಬೀಳುತ್ತೆ.

ಜಗತ್ತಿನ ಕ್ಯಾಲೆಂಡರ್‌ಗಳೆಲ್ಲ ಹೆಚ್ಚುಕಮ್ಮಿ ಈ 11 ದಿನವನ್ನ ಏನ್ ಮಾಡೋದು ಅನ್ನೋದಕ್ಕೆ ಕೊಟ್ಟ ಬೇರೆಬೇರೆ ಉತ್ತರಗಳೇ. ಹಿಜರಿಯವರು, ಅಂದ್ರೆ ಮುಸ್ಲಿಮರ ಚಾಂದ್ರ ಕ್ಯಾಲೆಂಡರಿನವರು, ಸೂರ್ಯನ ಗೋಜಿಗೇ ಹೋಗಲಿಲ್ಲ, ಅದಕ್ಕೇ ರಂಜಾನ್ ಒಂದ್ಸಲ ಬೇಸಿಗೆಗೆ ಬರುತ್ತೆ, ಒಂದ್ಸಲ ಮಳೆಗಾಲಕ್ಕೆ, ಪೂರ್ತಿ ಒಂದು ಸುತ್ತು ಬರೋಕೆ 33 ವರ್ಷ ಹತ್ರ ಬೇಕು. ಯುರೋಪಿನವರು ಚಂದ್ರನನ್ನ ಕೈಬಿಟ್ರು, ಅವರ ಮಾರ್ಚ್ ಏಪ್ರಿಲ್‌ಗೂ ಹುಣ್ಣಿಮೆಗೂ ಸಂಬಂಧವೇ ಇಲ್ಲ. ನಾವು ಎರಡನ್ನೂ ಬಿಡಲ್ಲ ಅಂತ ಕೂತವರು, ಅದರ ಬೆಲೆಯೇ ಅಧಿಕ ಮಾಸ. ಗಣೇಶನ ಹಬ್ಬ 2022ರಲ್ಲಿ ಆಗಸ್ಟ್ 31ಕ್ಕೆ ಬಂತು, 2023ರಲ್ಲಿ ಅಧಿಕ ಶ್ರಾವಣ ನಡುವೆ ಬಂದಿದ್ದಕ್ಕೆ ಸೆಪ್ಟೆಂಬರ್ ಮೂರನೇ ವಾರಕ್ಕೆ ಹಾರ್ತು (ಅದೂ 18ಕ್ಕೋ 19ಕ್ಕೋ ಅಂತ ಗೊಂದಲ ಬೇರೆ), 2024ರಲ್ಲಿ ಮತ್ತೆ ಹಿಂದೆ ಸರಿದು 7ನೇ ತಾರೀಖು. ಹಬ್ಬ ಹೀಗೆ ಹಿಂದೆ ಮುಂದೆ ಓಡಾಡೋದು ನಮಗೆಲ್ಲ ಅಭ್ಯಾಸ ಆಗಿಬಿಟ್ಟಿದೆ, ನಿಮ್ಮ ಲೋಕದಲ್ಲಿ ಮಾತ್ರ ಎಲ್ಲಾ ಹಬ್ಬವೂ ಪ್ರತಿವರ್ಷ ಅದೇ ದಿನ ಬರುತ್ತೆ. ನಿಮ್ಮ ಫ್ರೆಂಡ್ಸ್‌ಗೆ ಸುಳ್ಳು ಅನ್ಸಿದ್ದು ಇದು ಅಂತ ನನ್ನ ಗುಮಾನಿ.

ಅಧಿಕ ಮಾಸ ಹಾಕ್ಬೇಕಾ ಅಂತ ಕೇಳಿದೀರಿ. 360ಕ್ಕೆ ಹಾಕೋಕೇ ಆಗಲ್ಲ, ಸೇರಿಸೋಕೆ ಮಿಕ್ಕಿದ್ದೇ ಇಲ್ಲವಲ್ಲ! ಮೊದಲು ಅಂಕಿ ಕೆಡಿಸಿ. ಒಂದು ಲೆಕ್ಕ ನಾನೇ ಮಾಡಿ ತೋರಿಸ್ತೀನಿ, ಬೇಕಾದ್ರೆ ಹಾಗೇ ತಗೊಳ್ಳಿ.

ವರ್ಷ 388.4 ದಿನ ಇರ್ಲಿ. ದೊಡ್ಡ ಚಂದ್ರನ ಹುಣ್ಣಿಮೆಯಿಂದ ಹುಣ್ಣಿಮೆಗೆ 33.7 ದಿನ. ಹನ್ನೊಂದು ತಿಂಗಳು ಅಂದ್ರೆ 370.7, ವರ್ಷಕ್ಕೆ 17.7 ದಿನ ಮಿಕ್ಕಿತು. ಎರಡು ವರ್ಷಕ್ಕೆ ಅದು 35.4, ಅದರಲ್ಲಿ ಒಂದು ಇಡೀ ತಿಂಗಳು ತೆಗೆದರೂ 1.7 ದಿನ ಉಳಿಯುತ್ತೆ. ಹಾಗಾಗಿ ನಿಮ್ಮ ಜನ ವರ್ಷ ಬಿಟ್ಟು ವರ್ಷ ಒಂದು ಹೆಚ್ಚಿನ ತಿಂಗಳು ಸೇರಿಸ್ತಾರೆ, 11 ತಿಂಗಳ ವರ್ಷ ಒಂದು, 12 ತಿಂಗಳ ವರ್ಷ ಒಂದು. ಆದ್ರೆ ಆ 1.7 ಸುಮ್ನೆ ಹೋಗಲ್ಲ, ಒಳಗೊಳಗೇ ಸೇರ್ತಾ ಇರುತ್ತೆ, ಸೇರಿ ಸೇರಿ ಸುಮಾರು 20 ವರ್ಷಕ್ಕೊಮ್ಮೆ ಬೆನ್ನುಬೆನ್ನಿಗೆ ಎರಡು ವರ್ಷ ಅಧಿಕ ತಿಂಗಳು ಬರಲೇಬೇಕಾಗುತ್ತೆ. ಶುರುವಿನ ವರ್ಷದಿಂದ ಎಣಿಸಿದ್ರೆ 20–21ನೇ ವರ್ಷ ಒಂದ್ಸಲ, 39–40ನೇ ವರ್ಷ ಇನ್ನೊಂದ್ಸಲ. 40 ವರ್ಷಕ್ಕೆ ಒಟ್ಟು 461 ತಿಂಗಳು, ಅಂದ್ರೆ 15,535.7 ದಿನ, 40 ವರ್ಷದ ದಿನ 15,536, ವ್ಯತ್ಯಾಸ ಒಂದು ದಿನದ ಮೂರನೇ ಒಂದು ಭಾಗವೂ ಇಲ್ಲ. ನಮ್ಮ 60 ಸಂವತ್ಸರದ ಚಕ್ರದ ಹಾಗೆ ಅವರಿಗೆ 40ರ ಚಕ್ರ ತಾನಾಗೇ ಸಿಕ್ತು, ನೀವು ಕೂತು ಕಲ್ಪಿಸ್ಬೇಕಾಗಿಯೇ ಬರಲಿಲ್ಲ. ನಮ್ಮಲ್ಲೂ ಇಂಥದ್ದೇ ಒಂದಿದೆ, 19 ವರ್ಷಕ್ಕೆ 235 ಚಾಂದ್ರ ತಿಂಗಳು, ಅದರಲ್ಲಿ 7 ಅಧಿಕ.

ಈಗ ಆ ಬೆನ್ನುಬೆನ್ನಿನ ಅಧಿಕವನ್ನ ‘ಜೋಡಿ ಅಧಿಕ’ ಅಂತಲೋ ಏನೋ ಕರೀರಿ. ಒಬ್ಬ ಮನುಷ್ಯ ಬದುಕಿನಲ್ಲಿ ಮೂರು ಸಲ ನೋಡ್ತಾನೆ, ಗಟ್ಟಿ ಅಜ್ಜಿ ಆದ್ರೆ ನಾಲ್ಕು. ‘ನಾನು ಹುಟ್ಟಿದ್ದು ಜೋಡಿ ಅಧಿಕದ ಎರಡನೇ ತಿಂಗಳಲ್ಲಿ’ ಅಂತ ನಿಮ್ಮ ನಾಯಕಿ ಹೇಳಿದ್ರೆ ಅದರ ಭಾರವೇ ಬೇರೆ. ನಮ್ಮಲ್ಲಿ ಅಧಿಕ ಮಾಸಕ್ಕೆ ಮಲಮಾಸ ಅಂತಲೂ ಹೆಸರಿದೆ, ಪುರುಷೋತ್ತಮ ಮಾಸ ಅಂತಲೂ ಇದೆ. ಮದುವೆ ಮುಂಜಿ ಗೃಹಪ್ರವೇಶ ಯಾವುದೂ ಇಲ್ಲ, ಆದ್ರೆ ದಾನಕ್ಕೆ ಮಾತ್ರ ಅದರಷ್ಟು ಶ್ರೇಷ್ಠ ಇನ್ನೊಂದಿಲ್ಲ ಅಂತ 33 ಅಪೂಪ (ಕಜ್ಜಾಯದಂಥ ಸಿಹಿ) ಇಟ್ಟು ಬಾಗಿನ ಕೊಡ್ತಾರೆ. ಅಧಿಕದಲ್ಲಿ ಹುಟ್ಟಿದ ಮಗುವಿನ ವರ್ಧಂತಿ ಯಾವಾಗ, ಅಧಿಕದಲ್ಲಿ ತೀರಿಕೊಂಡವರ ವರ್ಷಾಬ್ದಿಕ ಯಾವಾಗ, ಇದಕ್ಕೆಲ್ಲ ಧರ್ಮಶಾಸ್ತ್ರದಲ್ಲಿ ಉದ್ದುದ್ದ ನಿರ್ಣಯಗಳಿವೆ. ನಿಮ್ಮ ಲೋಕದ ಪುರೋಹಿತರೂ ಈ ಪ್ರಶ್ನೆಗಳಿಗೆ ಉತ್ತರ ಕೊಡ್ಲೇಬೇಕು, ಆ ಉತ್ತರದಲ್ಲಿ ಅವರ ಧರ್ಮ ಎಂಥದ್ದು ಅಂತ ಗೊತ್ತಾಗುತ್ತೆ.

ಇದಕ್ಕಿಂತ ಮುಖ್ಯವಾದದ್ದು, ಹೆಚ್ಚಿನ ತಿಂಗಳನ್ನ ಯಾರು ಘೋಷಿಸ್ತಾರೆ ಅನ್ನೋದು. ನಮ್ಮ ಪದ್ಧತಿಯಲ್ಲಿ ಅದು ಯಾರ ಇಷ್ಟಕ್ಕೂ ಬಿಟ್ಟಿದ್ದಲ್ಲ: ಎರಡು ಅಮಾವಾಸ್ಯೆ ನಡುವೆ ಸೂರ್ಯ ರಾಶಿ ದಾಟಲಿಲ್ಲ, ಅಂದ್ರೆ ಸಂಕ್ರಾಂತಿ ಬೀಳಲಿಲ್ಲ ಅಂದ್ರೆ ಅದು ಅಧಿಕ. ಅಪರೂಪಕ್ಕೆ ಒಂದೇ ತಿಂಗಳಲ್ಲಿ ಎರಡು ಸಂಕ್ರಾಂತಿ ಬಿದ್ದು ಒಂದು ಮಾಸವೇ ಮಾಯ ಆಗೋದೂ ಉಂಟು, ಕ್ಷಯಮಾಸ ಅಂತಾರೆ. 1963–64ರಲ್ಲಿ ಬಂತು, 1982–83ರಲ್ಲಿ ಬಂತು, ಇನ್ನು 2123ರ ತನಕ ಇಲ್ಲ. ಇದೆಲ್ಲ ಗಣಿತ. ಆದ್ರೆ ನಿಮ್ಮ ಲೋಕದಲ್ಲಿ ಒಂದು ಮಠವೋ ಒಬ್ಬ ರಾಜನೋ ‘ಈ ವರ್ಷ ಅಧಿಕ ಉಂಟು’ ಅಂತ ಡಂಗುರ ಸಾರಿಸೋ ಪದ್ಧತಿ ಇದ್ರೆ ಅಲ್ಲಿ ದುಡ್ಡು ಬಂದು ಕೂರುತ್ತೆ. ಸೈನಿಕರಿಗೆ ತಿಂಗಳ ಸಂಬಳ, ರೈತರಿಂದ ವರ್ಷಕ್ಕೊಮ್ಮೆ ಕಂದಾಯ, ಅಧಿಕ ಬಂದ ವರ್ಷ ಖಜಾನೆಗೆ ಒಂದು ತಿಂಗಳ ಸಂಬಳ ಮೈಮೇಲೆ. ಜೋಡಿ ಅಧಿಕದಲ್ಲಿ ಸತತ ಎರಡು ವರ್ಷ!

ಇದು ನಿಜವಾಗಿ ನಡೆದಿದ್ದೇ. ಆಟೊಮನ್ ಸಾಮ್ರಾಜ್ಯದಲ್ಲಿ ಸೈನ್ಯದ ಸಂಬಳ ಚಾಂದ್ರ ವರ್ಷದ ಲೆಕ್ಕದಲ್ಲಿ, ಕಂದಾಯ ಮಾತ್ರ ಸೌರ ವರ್ಷದ ಲೆಕ್ಕದಲ್ಲಿ. 32 ಸೌರ ವರ್ಷಕ್ಕೆ 33 ಚಾಂದ್ರ ವರ್ಷ ಆಗುತ್ತಲ್ಲ, ಆ ಮೂವತ್ತಮೂರನೇ ವರ್ಷದ ಸಂಬಳಕ್ಕೆ ಎದುರಾಗಿ ಆದಾಯವೇ ಇರ್ತಿರಲಿಲ್ಲ, ಅಂಥ ವರ್ಷಗಳ ಸುತ್ತಮುತ್ತ ಸೈನಿಕರ ದಂಗೆಗಳೂ ಆಗಿವೆ. ನಮ್ಮ ಕಡೆ ಇದೇ ತಲೆನೋವಿಗೆ ಸಿಕ್ಕ ಮದ್ದು ಫಸಲಿ. ಬೆಳೆ ಬರೋದು ಸೂರ್ಯನ ಲೆಕ್ಕದಲ್ಲಿ, ಹಿಜರಿ ನಡೆಯೋದು ಚಂದ್ರನ ಲೆಕ್ಕದಲ್ಲಿ, ಹಾಗಾಗಿ ಮೊಗಲರ ಕಾಲದಲ್ಲಿ ಕಂದಾಯಕ್ಕೇ ಅಂತ ಬೇರೆ ಇಸವಿ ಮಾಡಿದ್ರು. ಕಲಬುರಗಿ, ಬೀದರ್, ರಾಯಚೂರು ಕಡೆಯ ನಿಜಾಮರ ಕಾಲದ ಜಮೀನು ಕಾಗದ ತೆಗೆದು ನೋಡಿ, ಅದರಲ್ಲಿ ಫಸಲಿ ಇಸವಿ ಇರುತ್ತೆ, 590 ಕೂಡಿಸಿದ್ರೆ ಸುಮಾರಾಗಿ ನಮ್ಮ ಇಸವಿ ಸಿಗುತ್ತೆ.

ಇನ್ನು ‘ಕಲ್ಪಿತ ಕ್ಯಾಲೆಂಡರ್’ ಅಂದ್ರೆ ಯಾರಾದ್ರೂ ಕೂತು ಹೊಸದಾಗಿ ಕಟ್ಟಿದ್ದು ಅಂತಾದ್ರೆ, ಅದಕ್ಕೆ ಉದಾಹರಣೆ ಹುಡುಕ್ಕೊಂಡು ಬೇರೆ ಲೋಕಕ್ಕೆ ಹೋಗೋದೇ ಬೇಡ, ಶ್ರೀರಂಗಪಟ್ಟಣ ಸಾಕು. ಟಿಪ್ಪು ಸುಲ್ತಾನ್ 1787ರ ಸುಮಾರಿಗೆ ಮೌಲೂದಿ ಅನ್ನೋ ಶಕೆ ಶುರು ಮಾಡಿದ. ಹಿಜರಿಯನ್ನ ಬಿಟ್ಟು ಪೈಗಂಬರರ ಜನನದಿಂದ ಎಣಿಕೆ. ಅದಕ್ಕೇ ಅವನ ನಾಣ್ಯದ ಮೇಲೆ ಇಸವಿ 1200ರ ಆಸುಪಾಸಿನಿಂದ ಒಮ್ಮೆಲೇ 1215ಕ್ಕೆ ಹಾರುತ್ತೆ, ಅಂಕಿ ಬರೆಯೋ ದಿಕ್ಕೂ ಬಲದಿಂದ ಎಡಕ್ಕೆ ತಿರುಗುತ್ತೆ. ತಿಂಗಳಿಗೆಲ್ಲ ಹೊಸ ಹೆಸರು: ಅಹ್ಮದಿ, ಬಹಾರಿ, ಜಾಫರಿ, ದಾರಾಯಿ, ಹಾಶಿಮಿ... ಈ ಹೆಸರುಗಳ ಮೊದಲ ಅಕ್ಷರದ ಅಬ್ಜದ್ ಬೆಲೆ (ಅರಬ್ಬಿಯಲ್ಲಿ ಒಂದೊಂದು ಅಕ್ಷರಕ್ಕೂ ಇರೋ ಅಂಕಿ) ತಗೊಂಡ್ರೆ 1, 2, 3, 4, 5 ಅಂತ ತಿಂಗಳ ನಂಬರೇ ಬರುತ್ತೆ, ಎಷ್ಟು ಚಂದದ ಉಪಾಯ ನೋಡಿ (ಆಮೇಲೆ ಈ ಪಟ್ಟಿಯನ್ನೂ ಬದಲಾಯಿಸಿದ). ಆದ್ರೆ ಒಳಗಿನ ಯಂತ್ರ? ಅದು ನಮ್ಮ ಚಾಂದ್ರಮಾನದ್ದೇ. ಚೈತ್ರದ ಜಾಗದಲ್ಲಿ ಅಹ್ಮದಿ ಕೂತಿದೆ, ಅಧಿಕ ಮಾಸ ಇದೆ, 60 ವರ್ಷದ ಚಕ್ರವೂ ಬೇರೆ ಹೆಸರಲ್ಲಿ ಇದೆ. ರಾಜ ಹೆಸರು ಬದಲಾಯಿಸಬಲ್ಲ, ಸೂರ್ಯ ಚಂದ್ರರಿಗೆ ಹುಕುಂ ಹೊರಡಿಸೋಕಾಗಲ್ಲ. 1799ರಲ್ಲಿ ಟಿಪ್ಪು ಮಡಿದ ಮೇಲೆ ಆ ಶಕೆ ನಿಂತುಹೋಯ್ತು. ಕಲ್ಯಾಣ ಚಾಲುಕ್ಯರ ಆರನೇ ವಿಕ್ರಮಾದಿತ್ಯನೂ 1076ರಲ್ಲಿ ಪಟ್ಟಕ್ಕೆ ಬಂದಾಗ ಶಕವರ್ಷ ಪಕ್ಕಕ್ಕಿಟ್ಟು ತನ್ನದೇ ಚಾಲುಕ್ಯ ವಿಕ್ರಮ ವರ್ಷ ತಂದ, 50 ವರ್ಷ ಆಳಿದ್ದಕ್ಕೆ ಶಾಸನಗಳ ತುಂಬ ಅದೇ. ವಂಶ ಹೋದ ಮೇಲೆ ಮತ್ತೆ ಶಕವರ್ಷವೇ ಗಟ್ಟಿಯಾಯ್ತು. ನಿಮ್ಮ ಕಾದಂಬರಿಯಲ್ಲೂ ಹೊಸ ರಾಜ ಬಂದಾಗ ಇಸವಿ ಒಂದರಿಂದ ಶುರು ಆಗ್ಲಿ, ಹಳಬರು ಮಾತ್ರ ಹಳೇ ಇಸವಿಯಲ್ಲೇ ಮಾತಾಡ್ಲಿ. ಯಾರು ಯಾವ ಕಡೆ ಅಂತ ಬಿಡಿಸಿ ಹೇಳೋ ಗೋಜೇ ಇರಲ್ಲ.

ಅಚ್ಚುಕಟ್ಟಾದ ಕ್ಯಾಲೆಂಡರ್ ಬೇಕೇಬೇಕು ಅಂದ್ರೆ ಅದಕ್ಕೂ ದಾರಿ ಇದೆ: ಅದನ್ನ ಸರ್ಕಾರಿ ಕ್ಯಾಲೆಂಡರ್ ಮಾಡಿ, ಜನ ಅದನ್ನ ಬಳಸದೇ ಇರಲಿ. ಫ್ರಾನ್ಸಿನ ಕ್ರಾಂತಿಯವರು 1793ರಲ್ಲಿ ನಿಮ್ಮ ಥರದ್ದೇ ಒಂದು ತಂದ್ರು, 30 ದಿನದ 12 ತಿಂಗಳು, ಕೊನೆಗೆ ಮಿಕ್ಕ 5 ಅಥವಾ 6 ದಿನ, ವಾರಕ್ಕೆ 10 ದಿನ. ಏಳು ದಿನಕ್ಕೊಮ್ಮೆ ಸಿಗ್ತಿದ್ದ ರಜೆ ಹತ್ತಕ್ಕೊಮ್ಮೆ ಆದ್ರೆ ಯಾರು ತಾನೇ ಒಪ್ತಾರೆ, 1805 ಮುಗಿಯೋ ಹೊತ್ತಿಗೆ ಅದೂ ಮುಗೀತು. ನಮ್ಮ ದೇಶದಲ್ಲಿ ಮೇಘನಾದ ಸಹಾ ಅವರ ಸಮಿತಿ ಸುಮಾರು 30 ಬಗೆಯ ಪಂಚಾಂಗ ನೋಡಿ, ಅಳೆದು ತೂಗಿ ಮಾಡಿದ ರಾಷ್ಟ್ರೀಯ ಕ್ಯಾಲೆಂಡರ್ 1957ರ ಮಾರ್ಚ್ 22ಕ್ಕೆ ಜಾರಿಗೆ ಬಂತು. ವೈಜ್ಞಾನಿಕವಾಗಿ ಅದರಲ್ಲಿ ಕೊಂಕು ತೆಗೆಯೋಕೆ ಕಷ್ಟ. ಗೆಜೆಟ್‌ನಲ್ಲಿ ಇದೆ. ನಿಮ್ಮ ಮನೇಲಿ ಯಾರಾದ್ರೂ ಅದನ್ನ ನೋಡಿ ಹಬ್ಬ ಮಾಡಿದ್ದುಂಟಾ?

ಚಿಕ್ಕ ಚಂದ್ರನ ವಿಷಯ. 30ಕ್ಕೆ 15 ಅನ್ನೋದು ಅಸಾಧ್ಯ ಏನಲ್ಲ, ಗುರುಗ್ರಹದ ಚಂದ್ರರಾದ ಅಯೋ, ಯುರೋಪಾ, ಗ್ಯಾನಿಮೀಡ್ ಸುತ್ತೋದು ಹೆಚ್ಚುಕಮ್ಮಿ 1:2:4ರ ಲೆಕ್ಕದಲ್ಲೇ. ಆದ್ರೆ ಕಥೆಗೆ ಅದು ಸಪ್ಪೆ, ಪ್ರತಿ ತಿಂಗಳೂ ಅದೇ ದಿನ ಜೋಡಿ ಹುಣ್ಣಿಮೆ, ಇನ್ನೇನಿದೆ ಅದರಲ್ಲಿ. 9.2 ದಿನ ಇಟ್ಟು ನೋಡಿ. ಅದರ 11 ಸುತ್ತು 101.2 ದಿನ, ದೊಡ್ಡದರ 3 ತಿಂಗಳು 101.1 ದಿನ. ಇವತ್ತು ಜೋಡಿ ಹುಣ್ಣಿಮೆ ಆಗಿದ್ರೆ ಮೂರು ತಿಂಗಳಿಗೆ ಮತ್ತೆ ಆಗುತ್ತೆ, ಆದ್ರೆ ಪ್ರತಿಸಲ ಚಿಕ್ಕದು ಒಂಚೂರು ಹಿಂದೆ ಬೀಳ್ತಾ ಹತ್ತು ಸಲ ಆಗೋಷ್ಟರಲ್ಲಿ ಒಂದು ದಿನ ತಡ. ಕೆಲವು ವರ್ಷ ಜೋಡಿ ಹುಣ್ಣಿಮೆ ಚೆನ್ನಾಗಿ ಕೂಡುತ್ತೆ, ಆಮೇಲೆ ತಪ್ಪಿಹೋಗುತ್ತೆ, ಮತ್ತೆ ಕೆಲವು ವರ್ಷಕ್ಕೆ ಬೇರೆ ತಿಂಗಳಲ್ಲಿ ಕೂಡುತ್ತೆ. ತಪ್ಪಿಹೋದ ಕಾಲದಲ್ಲಿ ಹುಟ್ಟಿದ ಮಕ್ಕಳಿಗೆ ಅದು ದೊಡ್ಡವರು ಹೇಳೋ ಕಥೆ ಅಷ್ಟೇ. ಜೋಡಿ ಹುಣ್ಣಿಮೆ, ಜೋಡಿ ಅಮಾವಾಸ್ಯೆ ಎರಡರಲ್ಲೂ ಕಡಲಿನ ಉಬ್ಬರ ಜೋರಾಗಿರುತ್ತೆ, ನಿಮ್ಮ ಮೀನುಗಾರರು ಇದನ್ನ ಪುರೋಹಿತರಿಗಿಂತ ಚೆನ್ನಾಗಿ ಲೆಕ್ಕ ಇಟ್ಟಿರ್ತಾರೆ. ಚಂದ್ರ ತೀರಾ ಹತ್ತಿರ ಇದ್ರೆ ಇನ್ನೂ ವಿಚಿತ್ರ ಆಗುತ್ತೆ, ಮಂಗಳನ ಫೋಬೋಸ್ 7 ಗಂಟೆ 39 ನಿಮಿಷಕ್ಕೆ ಒಂದು ಸುತ್ತು ಮುಗಿಸೋದ್ರಿಂದ ಅಲ್ಲಿ ನಿಂತು ನೋಡಿದವರಿಗೆ ಅದು ಪಶ್ಚಿಮದಲ್ಲಿ ಹುಟ್ಟಿ ಪೂರ್ವದಲ್ಲಿ ಮುಳುಗುತ್ತೆ.

ಆ 9.2ರಿಂದಲೇ ವಾರವೂ ಸಿಗ್ತು. ಐದು ಸುತ್ತಿಗೆ 46 ದಿನ, ಅಂದ್ರೆ 9 ದಿನದ ವಾರ ನಾಲ್ಕು, ಐದನೇದು 10 ದಿನ. ಆ ಹತ್ತನೇ ದಿನಕ್ಕೆ ಹೆಸರೇ ಇಲ್ಲ, ಸಂತೆ ಇಲ್ಲ, ಸಾಲ ವಸೂಲಿ ಇಲ್ಲ, ಅವತ್ತು ಆಡಿದ ಮಾತಿಗೆ ಸಾಕ್ಷಿ ಇಲ್ಲ ಅಂತ ಇಟ್ಕೊಳ್ಳಿ, ಒಂದು ಅಧ್ಯಾಯ ಅಲ್ಲೇ ಬರೀಬಹುದು. ಊರಿನ ಹೆಸರುಗಳಿಗೂ ವಾರ ಬಳಸಿ. ಕೊಡಗಿನಲ್ಲಿ ಶನಿವಾರಸಂತೆ, ಸೋಮವಾರಪೇಟೆ ಅಂತ ಊರುಗಳೇ ಇವೆಯಲ್ಲ, ಹಾಗೆ. ಓದುಗರಿಗೆ ವಾರದ ಪಟ್ಟಿ ಬಾಯಿಪಾಠ ಮಾಡಿಸೋ ಕೆಲಸ ತಪ್ಪುತ್ತೆ.

ಹಳ್ಳಿಯವರ ಬಾಯಲ್ಲಿ ಮಾತ್ರ ದಯವಿಟ್ಟು ‘ಮೂರನೇ ತಿಂಗಳ ಹದಿನಾಲ್ಕನೇ ದಿನ’ ಅಂತ ಹೇಳಿಸಬೇಡಿ. ನಮ್ಮ ರೈತರು ಮಳೆಗಾಲ ಎಣಿಸೋದು ಮಳೆ ನಕ್ಷತ್ರದಲ್ಲಿ, ರೋಹಿಣಿ, ಮೃಗಶಿರ, ಆರಿದ್ರಾ ಅಂತ, ಸೂರ್ಯ ಒಂದೊಂದು ನಕ್ಷತ್ರದಲ್ಲಿ 13–14 ದಿನ ಇರೋ ಲೆಕ್ಕ ಅದು. ‘ರೋಹಿಣಿ ಮಳೆ ಬಂದ್ರೆ ಓಣಿಯೆಲ್ಲ ಜೋಳ’, ‘ಮಘೆ ಮಳೆ ಬಂದಷ್ಟು ಒಳ್ಳೇದು, ಮನೆಮಗ ಉಂಡಷ್ಟು ಒಳ್ಳೇದು’. ಅಲ್ಲಿ ತಾರೀಖಿಲ್ಲ, ಬಿತ್ತನೆ ಇದೆ. ಅದೇ ಊರಿನ ಶಾನುಭೋಗರ ಪುಸ್ತಕದಲ್ಲಿ ಬೇರೆ ಲೆಕ್ಕ, ದೇವಸ್ಥಾನದಲ್ಲಿ ಇನ್ನೊಂದು. ಕರಾವಳಿಗೆ ಹೋದ್ರೆ ಪಗ್ಗು, ಬೇಶ, ಕಾರ್ತೆಲ್, ಆಟಿ, ಸೋಣ ಅಂತ ತುಳುವರ ಸೌರ ತಿಂಗಳುಗಳು, ಆಟಿ ಅಮಾವಾಸ್ಯೆಗೆ ಬೆಳಗಿನ ಜಾವ ಪಾಲೆ ಮರದ ಕೆತ್ತೆ ತಂದು ಕಷಾಯ ಕುಡಿಯೋದು. ತಿಂಗಳು ಸೂರ್ಯಂದು, ಅಮಾವಾಸ್ಯೆ ಚಂದ್ರಂದು, ಒಂದೇ ಹಬ್ಬದೊಳಗೆ ಎರಡು ಲೆಕ್ಕ. ಉಡುಪಿಯಲ್ಲಿ ಕೃಷ್ಣಾಷ್ಟಮಿಯೂ ಸೌರಮಾನದ್ದು, ಹಾಗಾಗಿ ಎಷ್ಟೋ ವರ್ಷ ಉಳಿದ ಕಡೆಗೂ ಅಲ್ಲಿಗೂ ದಿನವೇ ಬೇರೆ. ನಿಮ್ಮ ಲೋಕದಲ್ಲೂ ಕನಿಷ್ಠ ಎರಡು ಕ್ಯಾಲೆಂಡರ್ ಒಟ್ಟಿಗೆ ನಡೀಲಿ, ಗಡಿ ದಾಟಿ ಮದುವೆ ಆದವಳು ಒಂದೇ ಹಬ್ಬಕ್ಕೆ ತವರಿಗೂ ಹೋಗಿಬಂದು ಗಂಡನ ಮನೇಲೂ ಮಾಡ್ಲಿ.

ಸಾವಿರ ವರ್ಷದ ಇತಿಹಾಸ ಇರೋ ಲೋಕ ಆದ್ರೆ ಇನ್ನೊಂದು ಸೇರಿಸಿ: ಹಬ್ಬ ಅದರ ಕಾರಣದಿಂದ ಜಾರಿ ದೂರ ಹೋಗಿರ್ಲಿ. ಉತ್ತರಾಯಣ ಪುಣ್ಯಕಾಲ ಅಂತ ನಾವು ಎಳ್ಳು ಬೀರೋದು ಜನವರಿ 14 ಅಥವಾ 15ಕ್ಕೆ, ಸೂರ್ಯ ಉತ್ತರಕ್ಕೆ ತಿರುಗೋದು ಮಾತ್ರ ಡಿಸೆಂಬರ್ 21–22ಕ್ಕೇ. ನಾವು ನಕ್ಷತ್ರ ಹಿಡಿದು ಎಣಿಸ್ತೀವಿ, ಋತು ಬೇರೆ ವೇಗದಲ್ಲಿ ಜಾರ್ತಾ ಇರುತ್ತೆ, 72 ವರ್ಷಕ್ಕೆ ಸುಮಾರು ಒಂದು ದಿನ. ವಿವೇಕಾನಂದರು ಹುಟ್ಟಿದ್ದು 1863ರ ಮಕರ ಸಂಕ್ರಾಂತಿಯಂದು, ಅವತ್ತು ತಾರೀಖು ಜನವರಿ 12!

ಕೊನೇದಾಗಿ ಒಂದು ಪತ್ತೇದಾರಿ ಉಪಾಯ. ಹಳೇ ಶಾಸನಗಳಲ್ಲಿ ಒಂದೇ ದಿನವನ್ನ ನಾಲ್ಕೈದು ಥರ ಬರೀತಾರೆ, ಶಕವರ್ಷ, ಸಂವತ್ಸರ, ಮಾಸ, ಪಕ್ಷ, ತಿಥಿ, ವಾರ. ಐಹೊಳೆಯ ಶಾಸನದಲ್ಲಂತೂ ಭಾರತ ಯುದ್ಧದಿಂದ 3735, ಶಕವರ್ಷ 556 ಅಂತ ಎರಡು ಎಣಿಕೆ ಅಕ್ಕಪಕ್ಕ. ತಿಥಿ ಅನ್ನೋದು ಸೂರ್ಯ ಚಂದ್ರರ ನಡುವಿನ 12 ಡಿಗ್ರಿ ಅಂತರ, ಅದು ಒಂದ್ಸಲ 19 ಗಂಟೆ ಇರುತ್ತೆ, ಒಂದ್ಸಲ 26. ಹಾಗಾಗಿ ಐನೂರು ವರ್ಷದ ಹಿಂದಿನ ಒಂದು ದಶಮಿ ಯಾವ ವಾರ ಬಿತ್ತು ಅಂತ ಅಂದಾಜಿಗೆ ಹೇಳೋಕಾಗಲ್ಲ, ಗಣಿತ ಮಾಡ್ಲೇಬೇಕು. ಸುಳ್ಳು ತಾಮ್ರಪಟ ಮಾಡಿ ‘ಈ ಜಮೀನು ನಮ್ಮ ಮುತ್ತಾತನಿಗೆ ರಾಜ ಕೊಟ್ಟಿದ್ದು’ ಅಂದವರು ಎಷ್ಟೋ ಸಲ ಸಿಕ್ಕಿಬೀಳೋದು ಇಲ್ಲೇ, ತಿಥಿಗೂ ವಾರಕ್ಕೂ ತಾಳೆಯೇ ಆಗಲ್ಲ. ನಿಮ್ಮಲ್ಲಿ ಎರಡು ಚಂದ್ರ ಇರೋದ್ರಿಂದ ಸುಳ್ಳು ಬರೆಯೋನಿಗೆ ಕೆಲಸ ಇನ್ನೂ ಕಷ್ಟ. ದಾನಪತ್ರದಲ್ಲಿ ‘ಜೋಡಿ ಹುಣ್ಣಿಮೆಯಂದು’ ಅಂತಿದೆ, ಆದ್ರೆ ಆ ದಶಕದಲ್ಲಿ ಆ ತಿಂಗಳು ಜೋಡಿ ಹುಣ್ಣಿಮೆ ಕೂಡ್ತಲೇ ಇರಲಿಲ್ಲ ಅಂತ ನಿಮ್ಮ ಜೋಯಿಸರ ಹುಡುಗಿ ಕಂಡುಹಿಡೀಲಿ.

ಇಷ್ಟೆಲ್ಲ ಲೆಕ್ಕ ನೀವು ಎಕ್ಸೆಲ್ ಶೀಟಿನಲ್ಲಿ ಇಟ್ಕೊಳ್ಳಿ, ಪುಸ್ತಕದ ಕೊನೆಗೆ ಹತ್ತು ಪುಟದ ಕೋಷ್ಟಕ ಹಾಕೋಕೆ ಹೋಗ್ಬೇಡಿ, ಯಾರೂ ಓದಲ್ಲ. ದಿನದ ಉದ್ದ ಮಾತ್ರ ನಮ್ಮದೇ ಇರ್ಲಿ, ಅದನ್ನೂ ಬದಲಾಯಿಸಿದ್ರೆ ‘ಎರಡು ಗಂಟೆ ಹೊತ್ತು ಕಾದ’ ಅಂತ ಬರೆಯೋಕೂ ತಲೆ ಕೆರ್ಕೋಬೇಕಾಗುತ್ತೆ. ಮತ್ತೆ ಪಾತ್ರಗಳ ವಯಸ್ಸು ಒಂದ್ಸಲ ನೋಡ್ಕೊಳ್ಳಿ, 388.4 ದಿನದ ವರ್ಷ ಅಂದ್ರೆ ಅಲ್ಲಿನ 16ರ ಹುಡುಗಿ ಇಲ್ಲಿ 17ರವಳು, ಅಲ್ಲಿನ 60ರ ಮುದುಕ ಇಲ್ಲಿ 64ಕ್ಕೆ ಹತ್ತಿರ.